ಹಿಂದಿನಿಂದ ಕರೆಯಬಾರದು

ನವ್ಯ ಸಿನಿಮಾ ಮಾಡುತ್ತಾಳಂತೆ ಎಂಬ ಸುದ್ದಿ ಕಾಮಸಮುದ್ರದ ಆಚೆಗಿನ ಅವರ ಹಳ್ಳಿಯಲ್ಲಿ ಹಬ್ಬಿದಾಗ ಮೊದಮೊದಲು ಎಲ್ಲರಿಗೂ ಖುಷಿಯೇ ಆಗಿತ್ತು. ಹೀರೋ ಯಾರು, ಹಾಡು ಎಷ್ಟು, ನಮ್ಮ ಕೆರೆ ಏರಿ ಮೇಲೆ ಫೈಟು ಇಟ್ಟಿದ್ದಾಳೋ ಇಲ್ಲವೋ ಎಂದು ದಾರಿಯಲ್ಲಿ ನಿಲ್ಲಿಸಿ ಕೇಳಿದವರು ಎಷ್ಟೋ ಮಂದಿ. ಆಮೇಲೆ ಒಂದು ಸಂಜೆ ಅವಳು ಹಾಲಿನ ಡೈರಿಯ ಗೋಡೆಗೆ ಬಿಳಿ ಪಂಚೆ ಕಟ್ಟಿ ತನ್ನ ಮೊದಲ ಚಿತ್ರ ತೋರಿಸಿದಳು. ಅದರಲ್ಲಿ ಇದ್ದದ್ದು ಒಂದು ಎಮ್ಮೆಯ ಬಾಲ. ಬಾಲ ನೊಣ ಹೊಡೆಯುತ್ತದೆ, ಸುಮ್ಮನಾಗುತ್ತದೆ, ಮತ್ತೆ ನೊಣ ಹೊಡೆಯುತ್ತದೆ. ಅರ್ಧ ಗಂಟೆ ಕಾದ ಮೇಲೆ ಯಾರೋ, "ಪಿಚ್ಚರ್ ಯಾವಾಗ ಸುರುವಾಗ್ತದಮ್ಮ?" ಎಂದು ಕೇಳಿದರು. ಮುಗಿಯಿತು ಎಂದಳು ನವ್ಯ. ಅವಳ ಅಪ್ಪ ವೆಂಕಟೇಶಪ್ಪ ಅವತ್ತಿನಿಂದ ಡೈರಿಗೆ ಹಾಲು ಹಾಕಲು ಹೋದಾಗಲೆಲ್ಲ ಕ್ಯಾನಿನ ಒಳಗೇ ನೋಡುತ್ತ ನಿಲ್ಲುತ್ತಿದ್ದ.

ಹಿತ್ತಲ ಗಿಡ ಮದ್ದಲ್ಲ ಅನ್ನುತ್ತಾರಲ್ಲ, ಹಾಗೆ. ಅದೇ ಬಾಲಕ್ಕೆ ದೂರದ ಊರೊಂದರಲ್ಲಿ, ಇಂಥ ಚಿತ್ರಗಳನ್ನೇ ಹುಡುಕಿಕೊಂಡು ಹೋಗಿ ನೋಡುವ ಜನ, ಎದ್ದು ನಿಂತು ಚಪ್ಪಾಳೆ ತಟ್ಟಿದರು. ನವ್ಯಳಿಗೆ ನಿರ್ಮಾಪಕರಿಲ್ಲ, ನಟರಿಲ್ಲ, ಲೈಟು ಹಿಡಿಯುವವರಿಲ್ಲ. ಇದ್ದದ್ದು ಒಂದು ಸಣ್ಣ ಕ್ಯಾಮೆರಾ, ಒಂದು ಲ್ಯಾಪ್‌ಟಾಪ್, ಅಪ್ಪನಿಂದ ಬಂದ ಹಟ. ಕಥೆ ಹೇಳುವುದು ಅವಳಿಗೆ ಬೇಕಿರಲಿಲ್ಲ. ಒಂದನ್ನೇ ಬಿಡದೆ ನೋಡುತ್ತಿದ್ದರೆ ಅದು ತಾನಾಗಿಯೇ ಏನಾದರೂ ಹೇಳುತ್ತದೆ ಅನ್ನುವುದು ಅವಳ ನಂಬಿಕೆ. ಎರಡನೆಯ ಚಿತ್ರಕ್ಕೆ ಅವಳು ಹಾಗೆ ನೋಡಲು ಹಿಡಿದದ್ದು ತನ್ನ ಮಾಮನ ಬೆನ್ನನ್ನು.

ಮಾಮ ಅಂದರೆ ಆರುಮುಗಂ, ಅವಳ ಸೋದರತ್ತೆ ಪಾಪಕ್ಕನ ಗಂಡ. ಮನೆ ಚಾಂಪಿಯನ್ ರೀಫ್ಸ್‌ನ ಚಿನ್ನದ ಗಣಿ ಕೆಲಸಗಾರರ ಸಾಲುಮನೆಗಳ ಲೈನಿನಲ್ಲಿ. ತಮಿಳಿನ ಗಣಿ ಕೆಲಸಗಾರನಿಗೆ ಬೇಸಾಯದ ಮನೆಯ ಹೆಣ್ಣು ಕೊಟ್ಟದ್ದಕ್ಕೆ ಆ ಕಾಲದಲ್ಲಿ ಎರಡೂ ಕಡೆಯವರು ಮುಖ ಊದಿಸಿಕೊಂಡಿದ್ದರಂತೆ. ಅದೆಲ್ಲ ಹಳೆಯ ಮಾತು. ಅವರಿಗೆ ಮಕ್ಕಳಾಗಲಿಲ್ಲ. ನವ್ಯ ಹೈಸ್ಕೂಲು, ಕಾಲೇಜು ಓದಿದ್ದು ಆ ಮನೆಯಲ್ಲೇ ಆದ್ದರಿಂದ ಅರ್ಧ ಮಗಳು ಅವಳೇ. ಗಣಿ ಮುಚ್ಚಿದ ಮೇಲೆ ಆರುಮುಗಂ ಬೆಳಗಿನ ರೈಲು ಹಿಡಿದು ಬೆಂಗಳೂರಿಗೆ ಹೋಗಿ ಸೆಕ್ಯೂರಿಟಿ ಕೆಲಸ ಮಾಡಿ ಬರುತ್ತಿದ್ದ. ವಯಸ್ಸಾಗಿ ಅದನ್ನೂ ಬಿಟ್ಟ. ಆದರೆ ಕಾಲು ಕೇಳಬೇಕಲ್ಲ! ಬೆಳಗಾದರೆ ಟವೆಲ್ಲನ್ನು ಹೆಗಲಿಗೆ ಹಾಕಿಕೊಂಡು ಸ್ಟೇಷನ್ನಿನವರೆಗೆ ನಡೆದು, ರೈಲು ಹೊರಡುವುದನ್ನು ನೋಡಿ, ಟೀ ಕುಡಿದು ಮನೆಗೆ ಬರುವುದು ಅವನ ಕೆಲಸವಾಯಿತು.

ಅವನಿಗೆ ಕ್ಯಾಮೆರಾ ಕಂಡರೆ ಆಗುತ್ತಿರಲಿಲ್ಲ. ಗಣಿ ಮುಚ್ಚಿದಾಗಿನಿಂದ ಅಲ್ಲಿಗೆ ಕ್ಯಾಮೆರಾ ಹಿಡಿದು ಬಂದವರಿಗೆ ಲೆಕ್ಕವಿಲ್ಲ. ಬಂದವರೆಲ್ಲ ಮುದುಕರ ಮುಖಕ್ಕೇ ಕೈ ಹಾಕುವವರು. ಸುಕ್ಕು ಬೇಕು, ಕೆಮ್ಮು ಬೇಕು, ಕಣ್ಣಲ್ಲಿ ಒಂದು ಹನಿ ಬಂದರಂತೂ ಅವರಿಗೆ ಹಬ್ಬ. ಒಬ್ಬ ಪುಣ್ಯಾತ್ಮ ಆರುಮುಗಂನನ್ನು ಮುಚ್ಚಿದ ಶಾಫ್ಟಿನ ಮುಂದೆ ನಿಲ್ಲಿಸಿ, ಸ್ವಲ್ಪ ಬೇಜಾರಾಗಿ ನೋಡಿ ಅಂದಿದ್ದನಂತೆ. "ಬೇಜಾರು ಬಂದಾಗ ಯೋಳಿ ಕಳಿಸ್ತೀನಿ, ಓಗಪ್ಪ" ಎಂದು ಇವನು ಬಂದುಬಿಟ್ಟ. ಅವತ್ತಿನಿಂದ ಯಾರು ಕ್ಯಾಮೆರಾ ಎತ್ತಿದರೂ, ಮದುವೆ ಮನೆಯಲ್ಲಿ ನೆಂಟರು ಮೊಬೈಲ್ ಎತ್ತಿದರೂ, ಟವೆಲ್ಲು ಮುಖಕ್ಕೆ ಬರುತ್ತಿತ್ತು.

ನವ್ಯ ಅದನ್ನು ಬಲ್ಲಳು. "ಮುಖ ಬೇಡ ಮಾಮ. ನೀವು ನಡೀರಿ, ನಾನು ಹಿಂದೆ ಬತ್ತೀನಿ, ಅಷ್ಟೇ" ಅಂದಳು. ಆರುಮುಗಂ ಅವಳನ್ನು ಒಂದು ಗಳಿಗೆ ನೋಡಿ, "ಇದು ಸರಿ" ಅಂದ. ಹೀಗೆ ಮೂರು ವರ್ಷ, ಹಳ್ಳಿಯಿಂದ ಬಂದಾಗಲೆಲ್ಲ, ಅವಳು ಆ ಬೆನ್ನಿನ ಹಿಂದೆ ನಡೆದಳು. ಲೈನಿನ ಓಣಿ, ಬೀದಿ ನಲ್ಲಿ, ಚಿನ್ನ ತೆಗೆದು ಸುರಿದ ಮಣ್ಣಿನ ಸೈನೈಡ್ ದಿಬ್ಬಗಳ ಬೂದು ಇಳಿಜಾರು, ಸ್ಟೇಷನ್ನು. ತನಗೆ ತಾನೇ ಒಂದು ಕಟ್ಟುಪಾಡು ಹಾಕಿಕೊಂಡಿದ್ದಳು: ಚಿತ್ರದಲ್ಲಿ ಮುಖ ಬರಕೂಡದು, ಮಾತೂ ಬರಕೂಡದು. ಮಾಮ ತಪ್ಪಿ ತಿರುಗಿದರೆ ಕ್ಯಾಮೆರಾ ನೆಲಕ್ಕೆ ಇಳಿಯಬೇಕು. ಅವಳ ಕೈ ಅದನ್ನು ಎಷ್ಟು ಚೆನ್ನಾಗಿ ಕಲಿತಿತ್ತೆಂದರೆ, ಕೊನೆಕೊನೆಗೆ ಅವನ ಕತ್ತು ಅಲುಗಿದರೆ ಸಾಕು, ಕ್ಯಾಮೆರಾ ತಾನಾಗಿಯೇ ಇಳಿಯುತ್ತಿತ್ತು.

ಈ ಶ್ರಾವಣದಲ್ಲಿ ಒಂದು ಬೆಳಿಗ್ಗೆ ಆರುಮುಗಂ ಟೀ ಅಂಗಡಿಯ ಬೆಂಚಿನ ಮೇಲೆ ಕೂತವನು ಹಾಗೆಯೇ ಗೋಡೆಗೆ ಒರಗಿದ. ಟೀ ಕೊಡಲು ಬಂದವರು ನಿದ್ದೆ ಅಂದುಕೊಂಡರು. ನರಳಲಿಲ್ಲ, ಯಾರನ್ನೂ ನರಳಿಸಲಿಲ್ಲ. ಅಂಥ ಸಾವು ಎಲ್ಲರಿಗೂ ಸಿಗುವುದಿಲ್ಲ ಎಂದು ಬಂದವರೆಲ್ಲ ಹೇಳಿದರು. ಪಾಪಕ್ಕನೂ ಹೌದು ಹೌದು ಎಂದು ತಲೆಯಾಡಿಸಿದಳು. ನವ್ಯ ಆ ದಿನ ಹಳ್ಳಿಯಲ್ಲಿದ್ದಳು. ಬಂದು ಮುಟ್ಟುವಷ್ಟರಲ್ಲಿ ಮುಖದ ಮೇಲೆ ಬಟ್ಟೆ ಎಳೆದಾಗಿತ್ತು.

ಕರುಮಾದಿಗೆ, ಅಂದರೆ ನಮ್ಮ ಕಡೆ ತಿಥಿ ಅನ್ನುತ್ತಾರಲ್ಲ ಅದಕ್ಕೆ, ಇನ್ನೂ ದಿನವಿತ್ತು. ಸಾವಿನ ಗದ್ದಲ ಇಳಿದ ಮೇಲೆ ಒಂದು ಮಧ್ಯಾಹ್ನ ಪಾಪಕ್ಕ ನವ್ಯಳನ್ನು ಹತ್ತಿರ ಕೂರಿಸಿಕೊಂಡಳು.

"ಗ್ವಾಡೆಗೆ ಆಕಾಕೆ ಅವ್ರುದೊಂದು ಪೋಟೋ ಬೇಕು ಕಣಮ್ಮ. ನಿನ್ನತ್ರ ಇರ್ತದಲ್ಲ. ಒಂದು ಒಳ್ಳೆ ಮುಖ ನೋಡಿ ದೊಡ್ಡದು ಮಾಡಿಸ್ಕೊಂಡು ಬಾ."

ಆ ಮನೆಯಲ್ಲಿ ಮಾಮನ ಫೋಟೋ ಇರಲಿಲ್ಲ. ಮದುವೆಯದ್ದೊಂದು ಇತ್ತು, ಯಾವುದೋ ಮಳೆಗಾಲದಲ್ಲಿ ಗೋಡೆಯ ತೇವ ಕುಡಿದು ಗಾಜಿಗೇ ಅಂಟಿಕೊಂಡು, ಈಗ ಅದರಲ್ಲಿ ಪಾಪಕ್ಕನ ಸೀರೆಯ ಅಂಚು ಬಿಟ್ಟರೆ ಏನೂ ಕಾಣುತ್ತಿರಲಿಲ್ಲ.

"ಅತ್ತೆ, ನಾನು ಮುಖ ತೆಗೆದಿಲ್ಲ."

ಪಾಪಕ್ಕ ನಕ್ಕಳು. "ಮೂರು ವರ್ಸ ಅವ್ರ ಇಂದೆ ಸುತ್ತಿದೀಯ. ಒಂದು ಮುಖ ಇಲ್ವಾ? ಉಡುಕು, ಸಿಗ್ತದೆ." ಆಮೇಲೆ ದನಿ ತಗ್ಗಿಸಿದಳು. "ನಿನ್ನೊಬ್ಳಿಗೆ ಯೋಳ್ತೀನಿ, ನಿಮ್ಮಪ್ಪಂಗೆ ಯೋಳ್ಬೇಡ. ಕಣ್ಣು ಮುಚ್ಚಿದ್ರೆ ಅವ್ರ ಮುಖಾನೇ ಬತ್ತಿಲ್ಲ ಕಣಮ್ಮ. ಮೂಗು ಬತ್ತದೆ, ಮೀಸೆ ಬತ್ತದೆ, ಕೂಡ್ಕೊಳ್ತಾನೇ ಇಲ್ಲ. ಇಷ್ಟು ಬೇಗ ಮರ್ತೋಗ್ತದಾ? ನಾನೆಂಥ ಎಂಗಸು?"

ನವ್ಯ ಹುಡುಕುತ್ತೇನೆ ಎಂದಳು.

ವೆಂಕಟೇಶಪ್ಪ ವ್ಯವಹಾರಸ್ಥ. ಮಗಳ ಕೈಲಿ ಆಗುವ ಕೆಲಸವಲ್ಲ ಎಂದು ಅವನಿಗೆ ಮೊದಲೇ ಗೊತ್ತಿತ್ತು. ಭಾವನ ಆಧಾರ್ ಕಾರ್ಡು ತೆಗೆದುಕೊಂಡು ನೇರ ಬಂಗಾರಪೇಟೆಗೆ ಹೋಗಿ, ಸ್ಟೇಷನ್ ಹತ್ತಿರ ಫೋಟೋ ಸ್ಟುಡಿಯೋ ಇಟ್ಟಿರುವ ಸಾಯಿಕುಮಾರನ ಕೈಲಿ ಕೊಟ್ಟ. ಆಧಾರ್ ಫೋಟೋ ಹೇಗಿರುತ್ತದೆಂದು ಯಾರಿಗೂ ಹೇಳಬೇಕಾಗಿಲ್ಲ. ಅದರಲ್ಲಿ ನಾವು ನೀವೆಲ್ಲ ಈಗಷ್ಟೇ ಸಿಕ್ಕಿಬಿದ್ದ ಕಳ್ಳರೇ. ಸಾಯಿಕುಮಾರ ಒಳ್ಳೆಯ ಹುಡುಗ, ಸುಮ್ಮನೆ ದೊಡ್ಡದು ಮಾಡಿ ಕೊಡಲು ಅವನಿಗೆ ಮನಸ್ಸು ಬರಲಿಲ್ಲ. ಕಂಪ್ಯೂಟರಿನಲ್ಲಿ ಕೂತು ಆರುಮುಗಂನ ಬಣ್ಣ ತಿಳಿ ಮಾಡಿದ, ಸುಕ್ಕು ಅಳಿಸಿದ, ತುಟಿಗೆ ಒಂದಿಷ್ಟು ನಗೆ ಇಟ್ಟ, ಕೊನೆಗೆ ನೀಲಿ ಕೋಟು ತೊಡಿಸಿ ಟೈ ಕಟ್ಟಿದ.

ಪಾಪಕ್ಕ ಅದನ್ನು ಮಡಿಲಲ್ಲಿಟ್ಟುಕೊಂಡು ತುಂಬ ಹೊತ್ತು ನೋಡಿದಳು.

"ಅಣ್ಣ, ಇವ್ರು ಯಾರು?"

"ಯಾರು ಅಂದ್ರೆ? ನಿನ್ನ ಗಂಡ ಕಣಮ್ಮ!"

"ಬ್ಯಾಂಕ್ ಮೇನೇಜರ್ ತರ ಅವ್ರೆ. ಪಾಪ, ಚೆನ್ನಾಗವ್ರೆ. ಆದ್ರೆ ಈಯಪ್ಪನ ಜೊತೆ ನಾನು ಸಂಸಾರ ಮಾಡಿಲ್ಲ." ಫೋಟೋವನ್ನು ಮೆಲ್ಲಗೆ ಗೋಡೆಗೆ ಮುಖ ಮಾಡಿ ಇಟ್ಟಳು. ಯಾರ ಮೇಲೂ ಸಿಟ್ಟಾಗಲಿಲ್ಲ. ಸಿಟ್ಟಾಗಿದ್ದರೆ ನವ್ಯಳಿಗೆ ಎಷ್ಟೋ ನಿರಾಳವಾಗುತ್ತಿತ್ತು.

ಅವಳು ಹುಡುಕಿದಳು. ಅತ್ತೆಯ ಮನೆಯಲ್ಲೇ ಕೂತು ಮೂರು ವರ್ಷದ ಚಿತ್ರಗಳನ್ನೆಲ್ಲ ಮೊದಲಿಂದ ನೋಡಿದಳು. ಚೆನ್ನಾಗಿದ್ದದ್ದನ್ನು ಚಿತ್ರಕ್ಕೆಂದು ಒಂದು ಕಡೆ ತೆಗೆದಿಟ್ಟಿದ್ದಳು. ಕೆಟ್ಟದ್ದು, ಮಾತು ಸೇರಿಕೊಂಡದ್ದು, ಕ್ಯಾಮೆರಾ ಅಲುಗಿದ್ದು ಇವನ್ನೆಲ್ಲ ಬೇರೆ ಕಡೆ ಗುಡ್ಡೆ ಹಾಕಿದ್ದಳು. ಎರಡನ್ನೂ ಜಾಲಾಡಿದಳು. ಓಣಿ ದಾಟಿದ ಮೇಲೆ ಮಾಮ ತಿರುಗಿದ ಜಾಗಗಳು ಬೇಕಾದಷ್ಟಿದ್ದವು. "ಕಾಲು ನೋಯ್ತದಾಮ್ಮ?" ಎಂದು ಕೇಳಲು ತಿರುಗಿದ್ದ. ನಾಯಿ ಬಂದಾಗ, ಇವಳನ್ನು ಬೆದರಿಸುತ್ತದೇನೋ ಎಂದು ತಿರುಗಿದ್ದ. ಒಂದು ಸಲ ಸುಮ್ಮನೆ, ನಗಲು ತಿರುಗಿದ್ದ. ಎಲ್ಲ ಕಡೆಯೂ ಆ ಗಳಿಗೆಗೆ ಸರಿಯಾಗಿ ಚಿತ್ರ ಕೆಳಗಿಳಿದು ನೆಲ ಬರುತ್ತಿತ್ತು. ಕಲ್ಲು, ಬೂದು ಮಣ್ಣು, ಅವಳ ಕಡೆಗೆ ಬೆರಳು ಮಾಡಿದ ಅವನ ಹವಾಯಿ ಚಪ್ಪಲಿ. ಬೇರೆಯವರು ಬೇಡುತ್ತ ನಿಂತಿದ್ದ ಮುಖ ತನಗೆ ತಾನಾಗಿ ತಿರುಗಿತ್ತು, ತಾನು ನೆಲ ನೋಡಿದೆ ಎಂದು ಅವಳಿಗೆ ಅಳು ಬಂತು. ಊರು ಕೊಳ್ಳೆ ಹೋದ ಮೇಲೆ ಕೋಟೆ ಬಾಗಿಲು ಹಾಕಿ ಏನು ಬಂತು?

ಇನ್ನು ಮುಚ್ಚಿಡುವುದರಲ್ಲಿ ಅರ್ಥವಿಲ್ಲ ಎನಿಸಿ, ಮಾರನೆಯ ಮಧ್ಯಾಹ್ನ ಕಿಟಕಿಗೆ ದುಪ್ಪಟಿ ಕಟ್ಟಿ, ಟ್ರಂಕಿನ ಮೇಲೆ ಲ್ಯಾಪ್‌ಟಾಪ್ ಇಟ್ಟು ಅತ್ತೆಯನ್ನು ಕರೆದಳು. "ಇರೋದು ಇಷ್ಟೇ ಅತ್ತೆ. ನೀವೇ ನೋಡಿ" ಎಂದು ಗುಡ್ಡೆ ಹಾಕಿದ್ದನ್ನೇ ಮೊದಲು ಹಾಕಿದಳು. ತಿರುಗಿದ ಜಾಗಗಳೆಲ್ಲ ಅದರಲ್ಲೇ ಇದ್ದವು.

ಪಾಪಕ್ಕ ಚಕ್ಕಂಬಕ್ಕಳ ಹಾಕಿ ಕೂತಳು. ಆರುಮುಗಂನ ಬೆನ್ನು ಓಣಿಯಲ್ಲಿ ನಡೆಯಿತು. ಎಡ ಹೆಗಲು ಸ್ವಲ್ಪ ಇಳಿದಿತ್ತು. ಅಂಗಿಯ ಕಾಲರಿನ ಕೆಳಗೆ ಬೆವರಿನ ಕಲೆ ಇತ್ತು.

"ಆ ಕಾಲರ್ ನಾನೇ ತಿರುವಿ ಒಲ್ದಿದ್ದು" ಎಂದಳು ಪಾಪಕ್ಕ. ನವ್ಯ ಪರದೆ ಬಿಟ್ಟು ಅವಳ ಮುಖವನ್ನೇ ನೋಡುತ್ತಿದ್ದಳು.

ಬೆನ್ನು ಬೀದಿ ನಲ್ಲಿಯ ಹತ್ತಿರ ಬಂದು ನಿಂತಿತು. ತಿರುಗಲಿಲ್ಲ. ಸುಮ್ಮನೆ ನಿಂತಲ್ಲೇ ಒಂದು ಮಾತು ಕೇಳಿಸಿತು.

"ನವ್ಯಮ್ಮಾ, ಪಾಪಾ ಬಾಗಿಲಲ್ಲಿ ನಿಂತವ್ಳಾ? ನಾನು ತಿರುಗಬಾರದು, ನೀನು ನೋಡಿ ಯೋಳು."

ಚಿತ್ರದೊಳಗಿನ ನವ್ಯ, "ನಿಂತವ್ರೆ ಮಾಮ" ಎಂದಳು. ಬೆನ್ನು ಮತ್ತೆ ನಡೆಯಿತು.

ಪಾಪಕ್ಕನ ಕೈ ಬಾಯಿಗೆ ಹೋಯಿತು. ಮುಂದಿನ ತುಣುಕಿನಲ್ಲಿ ಬೇರೆ ಅಂಗಿ, ಚಳಿಗಾಲದ ಮಂಜು, ಅದೇ ನಲ್ಲಿ. "ನಿಂತವ್ಳಾ?" ಅದರ ಮುಂದಿನದರಲ್ಲಿ ಮಳೆ, ತಲೆ ಮೇಲೆ ಪ್ಲಾಸ್ಟಿಕ್ ಹೊದಿಕೆ. "ಮಳೇಲಿ ನಿಂತವ್ಳಾ? ಒಳಗೆ ಓಗು ಅಂತ ಕೈ ಮಾಡು." ಮಾತು ಬರಕೂಡದು ಎಂಬ ಕಟ್ಟುಪಾಡಿದ್ದದ್ದರಿಂದ ಇವನ್ನೆಲ್ಲ ನವ್ಯ ಕೆಟ್ಟದ್ದರ ಗುಡ್ಡೆಗೆ ಎಸೆದಿದ್ದಳು.

"ದಿನಾ ಕೇಳೋರಾ?"

"ದಿನಾ."

"ನಂಗೆ ಯಾಕಮ್ಮ ನೀನು ಯೋಳ್ಳಿಲ್ಲ?"

"ನಿಮಗೆ ಗೊತ್ತಿರ್ತದೆ ಅಂದ್ಕೊಂಡಿದ್ದೆ ಅತ್ತೆ."

ಪಾಪಕ್ಕನಿಗೆ ಗೊತ್ತಿರಲಿಲ್ಲ. ಹೊರಟವರನ್ನು ಹಿಂದಿನಿಂದ ಕರೆಯಬಾರದು, ಹೊರಟವರು ತಿರುಗಿ ನೋಡಬಾರದು ಎಂಬ ಮಾತು ಎಲ್ಲ ಕಡೆಯೂ ಇದೆ. ಆದರೆ ಗಂಡಸರು ಪಂಜರದಂಥ ಲಿಫ್ಟಿನಲ್ಲಿ ಭೂಮಿಯೊಳಗೆ ಇಳಿಯುತ್ತಿದ್ದ ಆ ಲೈನುಗಳಲ್ಲಿ ಅದನ್ನು ದೇವರ ಪೂಜೆಗಿಂತ ಹೆಚ್ಚಾಗಿ ನಡೆಸುತ್ತಿದ್ದರು. ಒಮ್ಮೆ ಆರುಮುಗಂ ಊಟದ ಡಬ್ಬಿ ಮರೆತು ಹೊರಟಿದ್ದ. ಪಾಪಕ್ಕ ಕೂಗಲಿಲ್ಲ. ಪಕ್ಕದ ಓಣಿಯಿಂದ ಸುತ್ತಿ ಓಡಿ, ಏದುಸಿರು ಬಿಡುತ್ತ ಅವನ ಎದುರಿಗೆ ಬಂದು ಕೊಟ್ಟಿದ್ದಳು. ಗಣಿ ಮುಚ್ಚಿತು, ಕಟ್ಟುಪಾಡು ಮುಚ್ಚಲಿಲ್ಲ. ರೈಲಿಗೆ ಹೋಗುವಾಗಲೂ ಅದೇ, ಬರೀ ಟೀ ಕುಡಿಯಲು ಹೋಗುವಾಗಲೂ ಅದೇ. ಅವಳು ಬಾಗಿಲಲ್ಲಿ ನಿಲ್ಲುವಳು, ಅವನು ಓಣಿ ದಾಟುವ ತನಕ ತಿರುಗದೆ ಹೋಗುವನು. ಇಷ್ಟು ವರ್ಷ ತಾನೊಬ್ಬಳೇ ನೋಡುತ್ತ ನಿಂತಿದ್ದೆ ಎಂದುಕೊಂಡಿದ್ದಳು ಅವಳು.

"ಕತ್ಲಲ್ಲಿ ಏಳೋರು, ಕತ್ಲಲ್ಲಿ ಬರೋರು" ಎಂದಳು ಪಾಪಕ್ಕ. "ಅವ್ರ ಮುಖ ನಾನೆಲ್ಲಿ ಕಣ್ತುಂಬ ನೋಡ್ದೆ? ಬೆಳಕಲ್ಲಿ ನೋಡಿದ್ದೆಲ್ಲ ಇದನ್ನೇ." ಬೆರಳು ಚಾಚಿ ಪರದೆಯ ಮೇಲಿನ ಇಳಿದ ಹೆಗಲನ್ನು ಮುಟ್ಟಿದಳು. ಚಿತ್ರ ನಡುಗಿ ನಿಂತಿತು. "ನಲ್ಲಿ ಅತ್ರ ನಿಂತವ್ರಲ್ಲ, ನನ್ನ ಕೇಳ್ತಾ. ಇದನ್ನೇ ಪೋಟೋ ಮಾಡಿಸ್ಕೊಂಡು ಬಾ."

"ಅತ್ತೆ, ಬೆನ್ನು..."

"ನಂಗೆ ಕಣ್ಣು ಕಾಣ್ತದಮ್ಮ. ಬೆನ್ನೇ."

ಬಂಗಾರಪೇಟೆಯಲ್ಲಿ ಸಾಯಿಕುಮಾರ ಚಿತ್ರವನ್ನು ಕಂಪ್ಯೂಟರಿಗೆ ಹಾಕಿ, ಇವಳಿಗೆ ದುಃಖದಲ್ಲಿ ತಲೆ ಕೆಟ್ಟಿದೆಯೇನೋ ಎಂಬಂತೆ ನವ್ಯಳನ್ನು ನೋಡಿದ. "ಅಕ್ಕಾ, ಇದು ಇಂದಿನ ಸೈಡು."

"ಗೊತ್ತು."

"ಕಲರ್ ಸ್ವಲ್ಪ ಏರ್ಸ್ಲಾ?"

"ಏನೂ ಮಾಡ್ಬೇಡ. ಇದ್ದಂಗೆ ಕೊಡು."

ಅವನು ಪಾಪ, ಕೈ ಕಟ್ಟಿದವನಂತೆ ಒದ್ದಾಡಿ, ಇದ್ದ ಹಾಗೆಯೇ ಕೊಟ್ಟ. ಮರದ ಫ್ರೇಮು, ಮುಂದೆ ಗಾಜು, ಹಿಂದೆ ಕಂದು ಹಲಗೆ. ನವ್ಯ ಅದನ್ನು ಸೀರೆಯಲ್ಲಿ ಸುತ್ತಿ ಮಾರಿಕುಪ್ಪಂ ರೈಲಿನಲ್ಲಿ ತೊಡೆಯ ಮೇಲಿಟ್ಟುಕೊಂಡು ಬಂದಳು.

ಕರುಮಾದಿಯ ದಿನ ಎರಡೂ ಕಡೆಯ ನೆಂಟರು ಸೇರಿದರು. ಲೈನಿನವರೆಲ್ಲ ಬಂದರು. ಮಣೆಯ ಮೇಲೆ ಫೋಟೋ ಇಟ್ಟು ಸೀರೆ ಬಿಚ್ಚಿದಾಗ ಮನೆ ತುಂಬ ಗುಸುಗುಸು ಎದ್ದಿತು. ವೆಂಕಟೇಶಪ್ಪ ಮಗಳನ್ನು ಅಡುಗೆಮನೆಯ ಬಾಗಿಲಿಗೆ ಎಳೆದುಕೊಂಡು ಹೋದ.

"ಎಮ್ಮೆ ಬಾಲ ಆಯ್ತು, ಈಗ ಇದು. ಬೆನ್ನಿಗೆ ಯಾರಾದ್ರೂ ಆರ ಆಕ್ತಾರೇನೆ? ಸತ್ತೋರ ಮುಂದೆ ನಿನ್ನ ಸಿನಿಮಾ ತೋರಿಸ್ಬೇಕಿತ್ತಾ?"

ನವ್ಯ ತಲೆ ತಗ್ಗಿಸಿದಳು. ಅತ್ತೆ ಕೇಳಿದ್ದು ಎಂದು ಹೇಳಬಹುದಿತ್ತು, ಹೇಳಲಿಲ್ಲ. ಅಪ್ಪನ ಮಾತೇ ಸರಿಯಿರಬಹುದೆಂಬ ಅಳುಕು ಅವಳಲ್ಲೂ ಇತ್ತು. ಒಂದು ಮುಖ, ಬರೀ ಒಂದು ಮುಖ ತೆಗೆದಿದ್ದರೆ ಇಷ್ಟು ಜನರ ಮುಂದೆ ಅತ್ತೆ ನಗೆಪಾಟಲಾಗುತ್ತಿರಲಿಲ್ಲ.

ಮೈಸೂರು ಮೈನ್ಸ್ ಅನ್ನುವ ಇನ್ನೊಂದು ಗಣಿಯ ಕಡೆಯಿಂದ ಬಂದಿದ್ದ ಆರುಮುಗಂನ ಅಣ್ಣ ಹಿರಿಯರು. ಹಾರವನ್ನೇನೋ ಹಾಕಿದರು. ಆಮೇಲೆ ಗಂಧದ ಬಟ್ಟಲು ಹಿಡಿದು, ಬೆರಳು ಅದ್ದಿ, ಫೋಟೋದ ಮುಂದೆ ಬಗ್ಗಿದವರು ಹಾಗೆಯೇ ನಿಂತುಬಿಟ್ಟರು. ಬೊಟ್ಟು ಇಡುವುದು ಹಣೆಗೆ. ಹಣೆ ಎಲ್ಲಿ?

"ಎಂಗಮ್ಮಾ ವೈಕ್ಕಿರದು?" ಎಂದರು ಸುತ್ತ ನೋಡಿ. ಎಲ್ಲಿ ಇಡೋದು?

ಕತ್ತಿಗೆ ಇಡಿ ಎಂದರು ಒಬ್ಬರು. ಬೇಡ, ಗಾಜಿನ ಮೇಲೆ ತುದಿಯಲ್ಲಿ ಇಟ್ಟರೆ ಸಾಕು ಎಂದರು ಇನ್ನೊಬ್ಬರು. ಆ ಕೋಟಿನ ಫೋಟೋನೇ ತನ್ನಿ ಎಂದ ವೆಂಕಟೇಶಪ್ಪ. ಹಿರಿಯರ ಬೆರಳಿನಿಂದ ಗಂಧ ಕೆಳಗೆ ತೊಟ್ಟಿಕ್ಕಿತು.

ಮೂಲೆಯಲ್ಲಿ ಕೂತಿದ್ದ ಪಾಪಕ್ಕ ಎದ್ದು ಬಂದಳು. "ಇತ್ಲಾಗೆ ಕೊಡಿ ಬಾವ" ಎಂದು ಬಟ್ಟಲನ್ನು ಇಸಿದುಕೊಂಡಳು. ಫೋಟೋದ ಮುಂದೆ ಒಂದು ಗಳಿಗೆ, ದಿನವೂ ಬಾಗಿಲಲ್ಲಿ ನಿಲ್ಲುತ್ತಿದ್ದ ಹಾಗೆಯೇ ನಿಂತಳು.

"ಓಗೋದು ಓಗಿ ಆಯ್ತು" ಎಂದಳು ಯಾರನ್ನೂ ನೋಡದೆ. "ಇನ್ನು ಇಂದ್ಲಿಂದ ಕರೆದ್ರೆ ಯಾವ ದೋಸ?"

ಆಮೇಲೆ ಕರೆದಳು. ಜೋರಾಗಿ ಅಲ್ಲ, ಓಣಿಯಲ್ಲಿ ನಲ್ಲಿಯ ತನಕ ಹೋದವರಿಗೆ ಕೇಳುವಷ್ಟು.

"ಏನೂಂದ್ರೆ."

ಕರೆದವಳೇ ಎರಡು ಕೈಯಿಂದಲೂ ಫ್ರೇಮನ್ನು ಹಿಡಿದು ತಿರುಗಿಸಿದಳು. ಬೆನ್ನು ಆ ಕಡೆ ಹೋಗಿ, ಬರಿಯ ಕಂದು ಹಲಗೆ ಈ ಕಡೆ ಬಂತು. ಬೆರಳನ್ನು ಗಂಧದಲ್ಲಿ ಅದ್ದಿ, ಹಲಗೆಯ ಮೇಲೆ, ಹಣೆ ಇರಬೇಕಾದ ಎತ್ತರದಲ್ಲಿ ಒಂದು ಬೊಟ್ಟು ಇಟ್ಟಳು. ಅದರ ನಡುವೆ ಒಂದು ಚಿಟಿಕೆ ಕುಂಕುಮ. ತಪ್ಪಾಯಿತೇನೋ ಎಂಬಂತೆ ಸೆರಗಿನ ತುದಿಯಿಂದ ಬೊಟ್ಟಿನ ಅಂಚನ್ನು ಒರೆಸಿ ದುಂಡಗೆ ಮಾಡಿ, ಕೊಂಚ ಹಿಂದೆ ಸರಿದು ಆ ಹಲಗೆಯನ್ನು ನೋಡಿದಳು. ಕಣ್ತುಂಬ ನೋಡಿದಳು. ಅವಳ ಮುಖದಲ್ಲಿ ಮೆಲ್ಲಗೆ ಒಂದು ನಗೆ ಬಂದದ್ದನ್ನು ನವ್ಯ ನೋಡಿದಳು. ಹುಡುಕಿದ್ದು ಸಿಕ್ಕಿದವರ ನಗೆ ಅದು.

ವೆಂಕಟೇಶಪ್ಪ ಮುಖ ಆ ಕಡೆ ಮಾಡಿ ಟವೆಲ್ಲಿನಿಂದ ಕಣ್ಣೊರೆಸಿಕೊಂಡ. ನವ್ಯಳ ಕ್ಯಾಮೆರಾ ಕೈಗೆಟಕುವಷ್ಟು ಹತ್ತಿರ, ಚೀಲದೊಳಗೇ ಇತ್ತು. ಅವಳು ಅದನ್ನು ತೆಗೆಯಲಿಲ್ಲ, ನೆಲವನ್ನೂ ನೋಡಲಿಲ್ಲ.

ಪಾಪಕ್ಕ ಫ್ರೇಮನ್ನು ಮತ್ತೆ ತಿರುಗಿಸಿ, ಬಾಗಿಲಿಗೆ ಎದುರಾಗಿ ಹೊಡೆದಿದ್ದ ಮೊಳೆಗೆ ತೂಗುಹಾಕಿದಳು. ಬೊಟ್ಟು ಗೋಡೆಯ ಕಡೆ ಹೋಯಿತು. "ಎಲೆ ಆಕ್ರಮ್ಮ, ಒತ್ತಾಯ್ತು" ಎಂದು ಅಡುಗೆಮನೆಯ ಕಡೆ ನಡೆದಳು.